ನಮ್ಮೇರಿಯಾ ಸಮ್ಮರ್ ಬ್ಯಾಸ್ಕೆಟ್‌ಬಾಲ್ ಲೀಗ್, ಮಕ್ಕಳನ್ನ ಸೇರಿಸ್ಬಹುದಾ ಅಂತ ಕೇಳೋರಿಗೆ ಸ್ವಲ್ಪ ಉದ್ದದ ರಿವ್ಯೂ

ಮೊದ್ಲೇ ಹೇಳ್ಬಿಡ್ತೀನಿ, 5ಕ್ಕೆ 4 ಸ್ಟಾರ್. ಕಟ್ ಆಗಿರೋ ಒಂದು ಸ್ಟಾರ್‌ನಲ್ಲಿ ಅರ್ಧ ಟಾಯ್ಲೆಟ್‌ಗೆ, ಇನ್ನರ್ಧ ಬಾಲ್ ಸೈಜ್‌ಗೆ, ಎರಡೂ ಕೆಳಗೆ ಬರುತ್ತೆ. ಹನುಮಂತನಗರ, ಶ್ರೀನಗರ, ಬನಶಂಕರಿ ಕಡೆಯೋರಿಗೆ ನಾನು ಯಾವ ಲೀಗ್ ಬಗ್ಗೆ ಹೇಳ್ತಿದ್ದೀನಿ ಅಂತ ಗೊತ್ತಾಗೇ ಆಗುತ್ತೆ, ಆದ್ರೆ ಹೆಸರು ಕೇಳಿದ್ರೆ ಒಬ್ಬೊಬ್ರು ಒಂದೊಂದು ಹೇಳ್ತಾರೆ, ಯಾಕಂದ್ರೆ ಆ ವರ್ಷ ಟ್ರೋಫಿ ಯಾರು ಕೊಡಿಸ್ತಾರೋ ಅವರ ಅಪ್ಪನ ಹೆಸರೋ ಅಂಗಡಿ ಹೆಸರೋ ಬ್ಯಾನರ್ ಮೇಲೆ ಬರುತ್ತೆ, ನಾವೆಲ್ಲ ಮಾತ್ರ ಸಮ್ಮರ್ ಲೀಗ್ ಅಂತಾನೇ ಕರೆಯೋದು. ಅಕಾಡೆಮಿ ಅಲ್ಲ, ಕ್ಲಬ್ ಅಂತಾನೂ ಹೇಳಕ್ಕಾಗಲ್ಲ. ಏರಿಯಾದಲ್ಲಿ ಹಿಂದೆ ಆಡಿದ ಒಂದಷ್ಟು ಜನ ಸೇರಿ ಏಪ್ರಿಲ್-ಮೇನಲ್ಲಿ ಮಕ್ಕಳಿಗೆ ಆಡಿಸೋ ಲೀಗ್ ಅಷ್ಟೇ. ನಾನೂ ಕಾಲೇಜ್ ದಿನಗಳಲ್ಲಿ ಇಲ್ಲೇ ಆಡಿದೋಳು, ಈಗ ಮಗಳು ಅಂಡರ್-13ನಲ್ಲಿ ಆಡ್ತಾಳೆ, ಹಾಗಾಗಿ ಸ್ವಲ್ಪ ಪಕ್ಷಪಾತ ಇರುತ್ತೆ, ಅದನ್ನ ಕಳೆದು ಓದ್ಕೊಳ್ಳಿ.

ನಡೆಯೋದು ಹೀಗೆ. ಸ್ಕೂಲ್ ಪರೀಕ್ಷೆ ಮುಗೀತಿದ್ದ ಹಾಗೆ ಮಾರ್ಚ್ ಕೊನೇಲಿ ಹೆಸರು ಬರೆಸ್ಕೋತಾರೆ, ರಾಮನವಮಿ ಆಸುಪಾಸಲ್ಲಿ ಶುರು, ಸ್ಕೂಲ್ ತೆಗೆಯೋಷ್ಟರಲ್ಲಿ ಫೈನಲ್ ಮುಗಿದಿರ್ಬೇಕು. ಬೆಳಿಗ್ಗೆ ಆರೂವರೆಯಿಂದ ಪ್ರಾಕ್ಟೀಸ್, ಸಂಜೆ ಮ್ಯಾಚ್. ಅಂಡರ್-13, ಅಂಡರ್-16, ಆಮೇಲೆ ವಯಸ್ಸಿನ ಮಿತಿ ಇಲ್ಲದ ಓಪನ್. ಫೀಸ್ ಜರ್ಸಿನೂ ಸೇರಿ ಒಂದು ಸಾಧಾರಣ ಹೋಟೆಲಲ್ಲಿ ನಾಲ್ಕು ಜನ ಊಟ ಮಾಡಿದ ಬಿಲ್‌ಗಿಂತ ಕಮ್ಮಿ, ಅದೂ ಕಷ್ಟ ಅಂದ್ರೆ ಪಕ್ಕಕ್ಕೆ ಕರೆದು ಹೇಳಿದ್ರೆ ಸಾಕು, ಯಾರಿಗೂ ಗೊತ್ತಾಗದ ಹಾಗೆ ಬಿಡ್ತಾರೆ.

ಟೀಮ್ ಮಾಡೋ ರೀತಿ ನನಗೆ ತುಂಬಾ ಇಷ್ಟ. ಮೊದಲ ಭಾನುವಾರ ಎಲ್ಲಾ ಮಕ್ಕಳನ್ನೂ ಓಡಿಸಿ, ಎರಡು ಕಡೆಯಿಂದ ಲೇ-ಅಪ್ (ಓಡಿ ಬಂದು ರಿಂಗ್ ಹತ್ರದಿಂದ ಬಾಲ್ ಹಾಕೋದು) ಹಾಕಿಸಿ, ಆಡೋಕೆ ಬರೋರು, ಸುಮಾರಾಗಿ ಬರೋರು, ಈಗಷ್ಟೇ ಬಾಲ್ ಮುಟ್ಟಿರೋರು ಅಂತ ಮೂರು ಡಬ್ಬಕ್ಕೆ ಚೀಟಿ ಹಾಕ್ತಾರೆ. ಪ್ರತಿ ಟೀಮ್‌ಗೂ ಮೂರೂ ಡಬ್ಬದಿಂದ ಎತ್ತೋದು. ಒಂದೇ ಸ್ಕೂಲಿನ ಮೂರನೇ ಮಗು ಅದೇ ಟೀಮ್‌ಗೆ ಬಂದ್ರೆ ಚೀಟಿ ವಾಪಸ್ ಡಬ್ಬಕ್ಕೆ. ಟೀಮ್ ಹೆಸರೆಲ್ಲ ಮಾವಿನ ಹಣ್ಣಿಂದು, ಬಾದಾಮಿ, ರಸಪುರಿ, ಮಲ್ಲಿಕಾ, ಸೇಂದೂರ, ಮಲಗೋವಾ, ತೋತಾಪುರಿ. ತೋತಾಪುರಿಗೆ ಹೋದ ಮಕ್ಕಳು ಎರಡು ದಿನ ಮುಖ ಊದಿಸ್ಕೊಂಡಿರ್ತಾರೆ, ಉಪ್ಪು ಖಾರ ಹಾಕ್ಕೊಂಡು ತಿಂತೀವಿ ನಿಮ್ಮನ್ನ ಅಂತ ಬಾಕಿಯೋರು ರೇಗಿಸ್ತಾರೆ, ಆಮೇಲೆ ಸರಿ ಹೋಗುತ್ತೆ. ಅಪ್ಪ-ಅಮ್ಮಂದಿರು ಮಾತ್ರ ಸರಿ ಹೋಗಲ್ಲ. "ಸರ್ ನಮ್ಮ ಹುಡುಗನ ಫ್ರೆಂಡ್ಸ್ ಎಲ್ಲಾ ಮಲ್ಲಿಕಾದಲ್ಲಿದ್ದಾರೆ, ಪಿಕಪ್ ಡ್ರಾಪ್ ಒಟ್ಟಿಗೆ ಮಾಡ್ಬಹುದಿತ್ತು, ಸ್ವಲ್ಪ ನೋಡಿ" ಅಂತ ಶುರುವಾಗುತ್ತೆ, ಲೀಗ್ ನಡೆಸೋ ಸರ್ ಕಡೆಯಿಂದ ಒಂದೇ ಉತ್ತರ, "ಆಗಲ್ಲ ಮೇಡಂ, ಬೇಕಿದ್ರೆ ಫೀಸ್ ವಾಪಸ್ ತಗೊಳ್ಳಿ." ಯಾರೂ ವಾಪಸ್ ತಗೊಂಡಿದ್ದು ನಾನಂತೂ ನೋಡಿಲ್ಲ.

ಈಗ ಮೇನ್ ವಿಷಯ. ನೀವು ಕೋಚಿಂಗ್‌ಗೆ ಅಂತ ಮಗುನ ಕಳಿಸೋದಾದ್ರೆ ಇಲ್ಲಿ ಕೋಚಿಂಗ್ ಅಷ್ಟಕ್ಕಷ್ಟೇ. ನೇರವಾಗೇ ಹೇಳ್ತಿದ್ದೀನಿ. ಬೆಳಿಗ್ಗೆ ಎರಡು ಗಂಟೇಲಿ ಅಷ್ಟು ಮಕ್ಕಳಿಗೆ ನಾಲ್ಕೈದು ಜನ ಹೇಳಿಕೊಡೋದು, ಒಬ್ಬೊಬ್ಬರ ಶಾಟ್ ತಿದ್ದೋಕೆ ಟೈಮ್ ಎಲ್ಲಿರುತ್ತೆ. ಇಲ್ಲಿಗೆ ಕಳಿಸಬೇಕಾಗಿರೋದು ಮ್ಯಾಚ್ ಆಡೋಕೆ. ಇದಕ್ಕೂ ಮುಂಚೆ ಒಂದು ಬೇಸಿಗೆ ಮಗಳನ್ನ ಹೆಸರುವಾಸಿ ಅಕಾಡೆಮಿ ಒಂದಕ್ಕೆ ಹಾಕಿದ್ವಿ, ಹೆಸರು ಬೇಡ ಬಿಡಿ, ಚೆನ್ನಾಗಿರೋ ಕೋರ್ಟು, ಎಲ್ಲರಿಗೂ ಒಂದೇ ಬಣ್ಣದ ಟೀಶರ್ಟು, ಕೋನ್‌ಗಳು ಸಾಲಾಗಿ, ಏಣಿ ಥರದ್ದು ನೆಲದ ಮೇಲೆ ಹಾಸಿರ್ತಾರಲ್ಲ ಅದು, ಎಲ್ಲಾ ಇತ್ತು. ರಜ ಪೂರ್ತಿ ಕ್ಯೂನಲ್ಲಿ ನಿಂತು ಕೋನ್ ಸುತ್ತಿದ್ದೇ ಸುತ್ತಿದ್ದು. ಕೊನೇಲಿ ಸರ್ಟಿಫಿಕೇಟು, ಒಂದು ಗ್ರೂಪ್ ಫೋಟೋ. ಮ್ಯಾಚ್ ಅಂತ ಆಡಿಸಿದ್ದು ಕೊನೇ ದಿನ ಪೇರೆಂಟ್ಸ್ ಮುಂದೆ, ಅದೂ ಐದೈದು ನಿಮಿಷ. ಎದುರಿಗೆ ಒಬ್ಬ ಕೈ ಚಾಚಿ ನಿಂತಾಗ ಬಾಲ್ ಏನ್ ಮಾಡ್ಬೇಕು ಅಂತ ಅವಳಿಗೆ ಗೊತ್ತೇ ಇರ್ಲಿಲ್ಲ, ತಬ್ಕೊಂಡು ನಿಂತುಬಿಟ್ಲು.

ಇಲ್ಲಿ ರೂಲ್ ಏನಂದ್ರೆ ಅಂಡರ್-13ನಲ್ಲಿ ಪ್ರತಿ ಮಗುನೂ ಮ್ಯಾಚಲ್ಲಿ ಕನಿಷ್ಠ ಒಂದು ಕ್ವಾರ್ಟರ್ ಆಡಲೇಬೇಕು. ಆಡಿಸ್ಲಿಲ್ಲ ಅಂದ್ರೆ ಗೆದ್ದಿದ್ರೂ ಪಾಯಿಂಟ್ ಇಲ್ಲ. ಈ ಒಂದು ರೂಲ್‌ನಿಂದ ಏನಾಗುತ್ತೆ ಅಂದ್ರೆ, ಆಡೋಕೆ ಬರೋ ಹುಡುಗ ಪ್ರಾಕ್ಟೀಸಲ್ಲಿ ಆಡೋಕೆ ಬರದಿರೋನಿಗೆ ತಾನೇ ಹೇಳಿಕೊಡೋಕೆ ಶುರು ಮಾಡ್ತಾನೆ, ಪ್ರೀತಿಯಿಂದೇನಲ್ಲ, ಸೋಲೋ ಭಯಕ್ಕೆ. "ಲೋ, ಬಾಲ್ ಸಿಕ್ಕಿದ್ ತಕ್ಷಣ ಎಸೀಬೇಡ್ವೋ, ಫಸ್ಟ್ ನೋಡು, ಆಮೇಲೆ ಪಾಸ್ ಕೊಡು" ಅಂತ ಹನ್ನೊಂದು ವರ್ಷದೋನು ಒಂಬತ್ತು ವರ್ಷದೋನಿಗೆ ಪಾಠ ಮಾಡ್ತಿರ್ತಾನೆ. ಮೊದಲ ವಾರ ಬಾಲ್ ಎಲ್ಲಿದ್ಯೋ ಅಲ್ಲಿಗೇ ಹತ್ತೂ ಮಕ್ಕಳು ನುಗ್ತಾರೆ, ರೆಫ್ರಿ ಟ್ರಾವೆಲ್ (ಬಾಲ್ ಪುಟಿಸದೆ ಓಡೋದು), ಡಬಲ್ (ಪುಟಿಸೋದು ನಿಲ್ಸಿ ಮತ್ತೆ ಪುಟಿಸೋದು) ಅಂತ ಸೀಟಿ ಊದೀ ಊದೀ ಸುಸ್ತಾಗ್ತಾರೆ, ಸ್ಕೋರ್ 6-4 ಅಂತ ಮುಗಿಯುತ್ತೆ. ಮೇ ಮಧ್ಯದ ಹೊತ್ತಿಗೆ ಅದೇ ಮಕ್ಕಳು ರೀಬೌಂಡ್, ಅಂದ್ರೆ ರಿಂಗಿಗೆ ಬೀಳದೆ ವಾಪಸ್ ಬಂದ ಬಾಲ್, ತಗೊಂಡು ತಲೆ ಎತ್ತಿ ಮುಂದೆ ಯಾರಿದ್ದಾರೆ ಅಂತ ನೋಡ್ತಾರೆ. ಕೋನ್ ಸುತ್ತಿ ಇದು ಬರಲ್ಲ ಕಣ್ರೀ.

ಇನ್ನೊಂದು ವಿಷಯ ಬೇರೆಲ್ಲೂ ನೋಡಿಲ್ಲ ನಾನು. ಟೇಬಲ್ ಕೆಲಸನೂ ಮಕ್ಕಳದ್ದೇ. ಒಂದು ಮ್ಯಾಚ್ ಆಡಿದ ಟೀಮ್ ಮುಂದಿನ ಮ್ಯಾಚ್‌ಗೆ ಟೇಬಲ್ ಮೇಲೆ ಕೂರಬೇಕು, ಒಬ್ರು ಸ್ಕೋರರ್, ಒಬ್ರು ಟೈಮರ್, ಒಬ್ರು 24 ಸೆಕೆಂಡ್ (ಅಷ್ಟರೊಳಗೆ ಶಾಟ್ ಹಾಕ್ಬೇಕು) ನೋಡೋರು, ಒಬ್ರು ಆಟಗಾರನದ್ದು ಎಷ್ಟನೇ ಫೌಲ್ ಅಂತ ತೋರಿಸೋ ಪ್ಯಾಡಲ್ ಎತ್ತೋರು. ಕಳೆದ ಸಲ ಓಪನ್ ಸೆಮಿಫೈನಲ್‌ಗೆ ಸ್ಕೋರ್‌ಶೀಟ್ ಬರೀತಿದ್ದೋಳು ಮಲಗೋವಾ ಟೀಮಿನ ಒಂದು ಹುಡುಗಿ, ಹನ್ನೆರಡು ವರ್ಷ ಇರ್ಬೇಕು, ಎರಡು ಜಡೆ, ಮುಂದೆ ಎರಡು ಪೆನ್. ಒಂದು ಮತ್ತು ಮೂರನೇ ಕ್ವಾರ್ಟರ್‌ಗೆ ಕೆಂಪು, ಎರಡು ಮತ್ತು ನಾಲ್ಕಕ್ಕೆ ನೀಲಿ. ಬ್ಯಾಸ್ಕೆಟ್ ಬಿದ್ರೆ ಸ್ಕೋರ್ ನಂಬರ್ ಮೇಲೆ ಓರೆ ಗೆರೆ, ಫ್ರೀ ಥ್ರೋ ಆದ್ರೆ ತುಂಬಿದ ಚುಕ್ಕೆ, ಥ್ರೀ ಪಾಯಿಂಟರ್ ಆದ್ರೆ ಗೆರೆ ಎಳೆದು ಆಟಗಾರನ ನಂಬರ್‌ಗೂ ಸುತ್ತ ರೌಂಡು. ಮೂರನೇ ಕ್ವಾರ್ಟರಲ್ಲಿ ಆರಡಿ ಮೇಲಿರೋ, ಗಡ್ಡ ಬಿಟ್ಟಿರೋ ಒಬ್ಬ ಬಂದು ಟೇಬಲ್ ಮೇಲೆ ಕೈ ಊರಿ "ನಂದು ನಾಲ್ಕೇ ಫೌಲು, ಐದು ಹೆಂಗಾಯ್ತು" ಅಂತ ಜೋರು ಮಾಡ್ದ, ಐದಾದ್ರೆ ಆಟದಿಂದ ಔಟ್ ಅಲ್ವಾ. ಈ ಮಗು ಎದ್ದೂ ನಿಲ್ಲದೆ ಶೀಟ್ ಅವನ ಕಡೆ ತಿರುಗ್ಸಿ, ಪೆನ್ ತುದೀಲಿ ಒಂದೊಂದೇ ತೋರ್ಸಿ, "ಫಸ್ಟ್ ಕ್ವಾರ್ಟರ್ ಎರಡು ಅಣ್ಣ, ಕೆಂಪು ನೋಡಿ, ಸೆಕೆಂಡಲ್ಲಿ ಒಂದು, ಈಗ ಎರಡು" ಅಂದ್ಲು. ಪಕ್ಕದಲ್ಲಿದ್ದ ಹುಡುಗ ಐದು ಅಂತ ಬರೆದಿದ್ದ ಪ್ಯಾಡಲ್ ಇನ್ನೂ ಎತ್ಕೊಂಡೇ ಇದ್ದ, ಕೈ ನಡುಗ್ತಿತ್ತು ಪಾಪ. ಗಡ್ಡದೋನು ಸುಮ್ನೆ ಹೋಗಿ ಬೆಂಚ್ ಮೇಲೆ ಕೂತ. ಆ ಹುಡುಗಿಯ ಅಮ್ಮ ಅಲ್ಲೇ ಗ್ರೌಂಡ್ ಪಕ್ಕದ ಗಾಡೀಲಿ ಹೂವು ಮಾರ್ತಾರೆ, ಮೊಳ ಹಾಕೋದು ನಿಲ್ಸಿ ನೋಡ್ತಾ ಇದ್ರು.

ಲೀಗ್ ಎಷ್ಟು ವರ್ಷದ್ದು ಅಂತ ಕೇಳಿದ್ರೆ ಹಳಬರಲ್ಲೇ ಜಗಳ ಆಗುತ್ತೆ, ಹಾಗಾಗಿ ವರ್ಷ ಬರೆಯಲ್ಲ. ಮಣ್ಣಿನ ಕೋರ್ಟು, ಮರದ ಹಲಗೆ ಬೋರ್ಡು ಇದ್ದ ಕಾಲದಿಂದ ಆಡ್ತಿದ್ದೀವಿ ಅಂತಾರೆ ದೊಡ್ಡೋರು, ನಾನು ನೋಡೋ ಹೊತ್ತಿಗೆ ಸಿಮೆಂಟ್ ಆಗಿತ್ತು, ಬಿದ್ರೆ ಮಂಡಿ ಚರ್ಮ ಅಲ್ಲೇ ಬಿಟ್ಟು ಬರ್ಬೇಕು. ತಮಾಷೆ ಏನು ಅಂದ್ರೆ ಈ ಆಟ ಹುಟ್ಟಿದ್ದೇ ಚಳಿಗೆ. 1891ರ ಡಿಸೆಂಬರಲ್ಲಿ ಅಮೆರಿಕದ ಸ್ಪ್ರಿಂಗ್‌ಫೀಲ್ಡ್‌ನ ವೈಎಂಸಿಎ ಟ್ರೈನಿಂಗ್ ಸ್ಕೂಲಲ್ಲಿ ಜೇಮ್ಸ್ ನೈಸ್ಮಿತ್ ಅನ್ನೋ ಮೇಷ್ಟ್ರು, ಚಳಿಗಾಲದಲ್ಲಿ ಹೊರಗೆ ಆಡಕ್ಕಾಗದೆ ಒಳಗೆ ಕೂತು ತಲೆ ತಿಂತಿದ್ದ ಹುಡುಗರಿಗೆ ಅಂತ ಪೀಚ್ ಹಣ್ಣಿನ ಬುಟ್ಟೀನ ಬಾಲ್ಕನಿ ಕಟಾಂಜನಕ್ಕೆ ಮೊಳೆ ಹೊಡೆದು ಶುರು ಮಾಡಿದ್ದು, ಆ ಕಟಾಂಜನ 10 ಅಡಿ ಎತ್ತರ ಇತ್ತು ಅಂತ ಇವತ್ತಿಗೂ ಪ್ರಪಂಚದಲ್ಲೆಲ್ಲ ರಿಂಗು 10 ಅಡಿ, ಅಂದ್ರೆ 3.05 ಮೀಟರ್. ಅದನ್ನ ನಾವು ಮೇ ತಿಂಗಳ ಬಿಸಿಲಲ್ಲಿ ಕಾದ ಸಿಮೆಂಟ್ ಮೇಲೆ ಆಡ್ತಿದ್ದೀವಿ. ನಮ್ಮ ದೇಶಕ್ಕೂ ಬಂದಿದ್ದು ವೈಎಂಸಿಎ ಮೂಲಕನೇ, ಗಂಡಸರ ನ್ಯಾಷನಲ್ಸ್ ಮೊದಲು ನಡೆದಿದ್ದು 1934ರಲ್ಲಿ ದೆಹಲೀಲಿ, ದೇಶದ ಬ್ಯಾಸ್ಕೆಟ್‌ಬಾಲ್ ಫೆಡರೇಷನ್ ಆಗಿದ್ದು 1950ರಲ್ಲಿ.

ಬೆಂಗಳೂರಲ್ಲಿ ಈ ಆಟ ಉಳಿದಿರೋದು ಇಂಥ ಏರಿಯಾ ಗ್ರೌಂಡ್‌ಗಳಿಂದ, ಅದರ ಜೊತೆ ಕೆಲಸ ಕೊಟ್ಟ ಸಂಸ್ಥೆಗಳಿಂದ. ಈಗಿನ ಮಕ್ಕಳಿಗೆ ಗೊತ್ತಿರಲ್ಲ, ವಿಜಯಾ ಬ್ಯಾಂಕ್ ಟೀಮ್ ಅಂದ್ರೆ ನಮ್ಮ ಕಾಲದಲ್ಲಿ ಒಂದು ಹವಾ. ಚೆನ್ನಾಗಿ ಆಡಿದ್ರೆ ಬ್ಯಾಂಕಲ್ಲಿ ಕೆಲಸ ಸಿಗುತ್ತೆ ಅನ್ನೋದು ಮನೇಲಿ ಅಪ್ಪಂದಿರನ್ನ ಒಪ್ಪಿಸೋಕೆ ಇದ್ದ ಒಂದೇ ದಾರಿ. 2019ರ ಏಪ್ರಿಲಲ್ಲಿ ಆ ಬ್ಯಾಂಕ್ ಬ್ಯಾಂಕ್ ಆಫ್ ಬರೋಡಾಗೆ ಸೇರ್ಕೊಂಡ ದಿನ ನಮ್ಮ ಹಳೇ ಆಟಗಾರರ ಗ್ರೂಪಲ್ಲಿ ಯಾರೋ ತೀರ್ಕೊಂಡ ಹಾಗೆ ಮೆಸೇಜ್ ಬರ್ತಿತ್ತು. ಮಿಲಿಟರಿ ಕಡೆಯಿಂದ ಎಂಇಜಿ (ಮದ್ರಾಸ್ ಎಂಜಿನಿಯರ್ ಗ್ರೂಪ್), ಎಎಸ್‌ಸಿ (ಆರ್ಮಿ ಸರ್ವಿಸ್ ಕೋರ್) ಟೀಮ್‌ಗಳು, ಆಮೇಲೆ ರೈಲ್ವೆ, ಇನ್‌ಕಮ್ ಟ್ಯಾಕ್ಸ್. ಕಾಲೇಜ್ ಸೀಟ್‌ಗೆ ಸಿಇಟಿ ಸ್ಪೋರ್ಟ್ಸ್ ಕೋಟಾ. ಇದೆಲ್ಲ ಇದ್ದಿದ್ರಿಂದ ಸಂಜೆ ಹೊತ್ತು ಕೋರ್ಟಲ್ಲಿ ದೊಡ್ಡ ಹುಡುಗರು ಇರ್ತಿದ್ರು, ಅವರನ್ನ ನೋಡಿ ಚಿಕ್ಕೋರು ಬರ್ತಿದ್ರು. ಈ ಲೀಗ್ ನಡೆಸ್ತಿರೋರಲ್ಲಿ ಒಬ್ರು ಹಾಗೇ ಕೋಟಾದಲ್ಲಿ ಕೆಲಸ ಸಿಕ್ಕಿ, ಈಗ ರಿಟೈರ್ ಆಗಿ, ಬೆಳಿಗ್ಗೆ ಆರಕ್ಕೇ ಬಂದು ಕೋರ್ಟ್ ಗುಡಿಸ್ತಾರೆ. ಗುಡಿಸೋಕೆ ಬೇರೆ ಜನ ಇಲ್ಲ ಅಂತಲ್ಲ, ಅವರಿಗೆ ಬೇರೆಯೋರು ಗುಡಿಸಿದ್ರೆ ಸಮಾಧಾನ ಇಲ್ಲ.

ಕಂಠೀರವ ಇಂಡೋರ್ ಸ್ಟೇಡಿಯಂ ಬಗ್ಗೆ ಹೇಳ್ದೆ ಇದ್ರೆ ತಪ್ಪಾಗುತ್ತೆ. 2017ರ ಜುಲೈನಲ್ಲಿ ಮಹಿಳೆಯರ ಏಷ್ಯಾ ಕಪ್ ಅಲ್ಲೇ ಆಯ್ತಲ್ಲ, ಕೆಳಗಿನ ಹಂತದ ಡಿವಿಷನ್ ಬಿ ಫೈನಲಲ್ಲಿ ನಮ್ಮೋರು ಕಜಾಕಿಸ್ತಾನನ 75-73ರಲ್ಲಿ ಸೋಲ್ಸಿ ಮೇಲಿನ ಡಿವಿಷನ್ ಎಗೆ ಹೋಗಿದ್ದು, ಎರಡೇ ಎರಡು ಪಾಯಿಂಟು. ಆಮೇಲೆ 2019ರಲ್ಲೂ ಏಷ್ಯಾ ಕಪ್ ಇಲ್ಲೇ, ಜಪಾನ್ ಗೆದ್ದಿದ್ದು. ಜಪಾನಿನ ಹುಡುಗೀರು ಎತ್ತರದಲ್ಲಿ ಚೀನಾದೋರ ಮುಂದೆ ಏನೂ ಅಲ್ಲ, ಆದ್ರೆ ಓಡೋದು ನೋಡ್ಬೇಕಿತ್ತು ನೀವು. ಟೋಕಿಯೋ ಒಲಿಂಪಿಕ್ಸ್‌ಗೆ ಥ್ರೀ-ಆನ್-ಥ್ರೀ (ಒಂದು ಕಡೆ ಮೂರೇ ಜನ ಆಡೋದು) ಕ್ವಾಲಿಫೈಯರ್ ಕೂಡ 2020ರ ಮಾರ್ಚಲ್ಲಿ ಬೆಂಗಳೂರಲ್ಲೇ ಅಂತ ಫಿಕ್ಸ್ ಆಗಿತ್ತು, ಕೋವಿಡ್ ಬಂತು, ಮುಂದೆ ಹೋಯ್ತು, ಕೊನೆಗೆ 2021ರಲ್ಲಿ ಆಸ್ಟ್ರಿಯಾದ ಗ್ರಾಜ್ ಅನ್ನೋ ಊರಲ್ಲಿ ಮಾಡಿದ್ರು. ಕೈಗೆ ಬಂದ ತುತ್ತು ಬಾಯಿಗೆ ಬರ್ಲಿಲ್ಲ. ಆ ಬೇಸಿಗೆ ನಮ್ಮ ಲೀಗೂ ಇಲ್ಲ, ಗೇಟಿಗೆ ಬೀಗ, ನೆಟ್ ಹರಿದು ನೇತಾಡ್ತಿತ್ತು. ಅದಾದ್ಮೇಲೆ ಬರೋರು ಕಮ್ಮಿ ಆಗ್ತಾರೆ ಅಂದ್ಕೊಂಡಿದ್ವಿ, ಆಗಿದ್ದು ಉಲ್ಟಾ, ಮನೇಲಿ ಕೂಡಿಟ್ಟು ಸಾಕಾಗಿದ್ದ ಅಪ್ಪ-ಅಮ್ಮಂದಿರು ಕ್ಯೂ ನಿಂತ್ರು.

ಸಮ್ಮರ್ ಲೀಗ್ ಅನ್ನೋ ಐಡಿಯಾ ನಮ್ಮದೇನಲ್ಲ ಬಿಡಿ. ನ್ಯೂಯಾರ್ಕಿನ ಹಾರ್ಲೆಮ್‌ನಲ್ಲಿ ಪಾರ್ಕ್ ಇಲಾಖೆಯ ಕೆಲಸದಲ್ಲಿದ್ದ ಹೋಲ್ಕಂಬ್ ರಕರ್ 1950ರ ಹೊತ್ತಿಗೆ ಏರಿಯಾ ಹುಡುಗರು ಬೀದಿ ಪಾಲಾಗದೆ ಕಾಲೇಜ್ ಕಡೆ ಹೋಗ್ಲಿ ಅಂತ ಟೂರ್ನಮೆಂಟ್ ಶುರು ಮಾಡಿದ್ದು, ಈಗ ಆ ಪಾರ್ಕಿಗೇ ಅವರ ಹೆಸರಿದೆ. ಲಾಸ್ ಏಂಜಲೀಸ್‌ನ ಡ್ರೂ ಲೀಗ್ 1973ರಲ್ಲಿ ಬರೀ ಆರು ಟೀಮಿಂದ ಒಂದು ಸ್ಕೂಲ್ ಜಿಮ್ಮಲ್ಲಿ ಶುರುವಾಗಿದ್ದು, 2011ರಲ್ಲಿ ಅಮೆರಿಕದ ದೊಡ್ಡ ಪ್ರೊಫೆಷನಲ್ ಲೀಗ್ ಎನ್‌ಬಿಎ ಬಂದ್ ಆಗಿದ್ದಾಗ ಅದರ ಸ್ಟಾರ್ ಕೋಬಿ ಬ್ರಯಾಂಟ್ ಬಂದು ಅಲ್ಲಿ 45 ಪಾಯಿಂಟ್ ಹೊಡೆದು ಮ್ಯಾಚ್ ಗೆಲ್ಸಿ ಹೋದ್ರು. ನಮ್ಮಲ್ಲಿಗೆ ಯಾವ ಸ್ಟಾರೂ ಬರಲ್ಲ. ಆದ್ರೆ ಆ ಲೀಗ್‌ಗಳೆಲ್ಲ ಅಷ್ಟು ವರ್ಷ ಉಳಿದಿದ್ದು ಸ್ಟಾರ್‌ಗಳಿಂದಲ್ಲ, ಒಂದೇ ಗ್ರೌಂಡಲ್ಲಿ ಆಡಿ ಬೆಳೆದೋರು ವಾಪಸ್ ಬಂದು ಸೀಟಿ ಹಿಡ್ಕೊಂಡಿದ್ರಿಂದ, ಅದು ಮಾತ್ರ ಇಲ್ಲೂ ಹಾಗೇ ಇದೆ. ಈಗ ಅಂಡರ್-16 ರೆಫ್ರಿ ಮಾಡ್ತಿರೋ ಹುಡುಗ ಒಂದು ಕಾಲಕ್ಕೆ ಪ್ರತಿ ಮ್ಯಾಚಲ್ಲೂ ಅಳ್ತಿದ್ದ, ನನಗೆ ಚೆನ್ನಾಗಿ ನೆನಪಿದೆ. ಈಗ ಅವನು ಊದಿದ ಫೌಲ್‌ಗೆ ಬೇರೆ ಮಕ್ಕಳು ಅಳ್ತಾರೆ.

ಏರಿಯಾಗೆ ಏನು ಉಪಯೋಗ ಅಂತ ಕೇಳಿದ್ರೆ, ಮೊಬೈಲ್ ಬಿಡಿಸ್ತು, ಹುಡುಗರನ್ನ ದಾರಿಗೆ ತಂತು ಅಂತೆಲ್ಲ ಭಾಷಣ ನನ್ನಿಂದಾಗಲ್ಲ. ಮ್ಯಾಚ್ ಮುಗಿದ ಎರಡನೇ ನಿಮಿಷಕ್ಕೆ ಎಲ್ಲರ ಕೈಯಲ್ಲೂ ಮೊಬೈಲೇ. ನಾನು ನೋಡಿದ ಬದಲಾವಣೆ ಬೇರೆ ಥರದ್ದು. ನಮ್ಮ ಕಡೆ ಒಂದು ಬದಿಗೆ ಹೊಸ ಅಪಾರ್ಟ್‌ಮೆಂಟು, ಇನ್ನೊಂದು ಬದಿಗೆ ಹಳೇ ವಠಾರಗಳು, ಮಧ್ಯೆ ಒಂದು ರಸ್ತೆ. ಅಪಾರ್ಟ್‌ಮೆಂಟ್ ಮಕ್ಕಳಿಗೆ ಒಳಗೇ ಕೋರ್ಟ್ ಇದೆ, ಸ್ವಿಮ್ಮಿಂಗ್ ಪೂಲ್ ಇದೆ, ಹೊರಗೆ ಬರೋ ಅವಶ್ಯಕತೆನೇ ಇಲ್ಲ. ಚೀಟಿ ದೆಸೆಯಿಂದ ಎರಡೂ ಕಡೆಯೋರು ಒಂದೇ ಟೀಮಲ್ಲಿ ಬೀಳ್ತಾರೆ. ನನ್ನ ಮಗಳ ಟೀಮಲ್ಲಿ ಕನ್ನಡ ಬರದ ಎರಡು ಮಕ್ಕಳಿದ್ರು, ಏಪ್ರಿಲಲ್ಲಿ ಬರೀ ಇಂಗ್ಲಿಷು, ಹಿಂದಿ. ಮೇನಲ್ಲಿ ಆ ಹುಡುಗ "ಬಾಲ್ ಕೊಡೋ, ಬಾಲ್ ಕೊಡೋ" ಅಂತ ಕೂಗ್ತಿದ್ದ, ಅದಕ್ಕಿಂತ ಒಂದೆರಡು ಬಲವಾದ ಪದಗಳೂ ಕಲಿತಿದ್ದ, ಅದನ್ನ ಇಲ್ಲಿ ಬರೆಯಲ್ಲ. ಮ್ಯಾಚ್ ಆದ್ಮೇಲೆ ಎಲ್ಲರೂ ಬೇಕರಿ ಮುಂದೆ ನಿಲ್ತಾರೆ, ಒಂದು ಕಾಂಗ್ರೆಸ್ ಕಡ್ಲೆಕಾಯಿ ಪ್ಯಾಕೆಟ್ ಎಂಟು ಕೈಗೆ ಹಂಚಿಕೆ ಆಗುತ್ತೆ. ಜೂನಲ್ಲೂ ಈ ಗುರುತು ಉಳಿದಿರುತ್ತಾ ಅಂದ್ರೆ ಸ್ವಲ್ಪ ಉಳಿಯುತ್ತೆ, ಪೂರ್ತಿ ಅಲ್ಲ. ರಸ್ತೇಲಿ ಸಿಕ್ಕಿದ್ರೆ ಹಾಯ್ ಅಂತಾರೆ. ಒಬ್ಬ ಹುಡುಗನ ಅಪ್ಪ ಆಟೋ ಓಡಿಸ್ತಾರೆ, ಈಗ ಆ ಅಪಾರ್ಟ್‌ಮೆಂಟಿನ ಮೂರು ಮನೆ ಮಕ್ಕಳು ವರ್ಷ ಪೂರ್ತಿ ಅವರ ಆಟೋದಲ್ಲೇ ಸ್ಕೂಲಿಗೆ ಹೋಗೋದು, ನಮ್ಮ ಬಾದಾಮಿ ಟೀಮ್ ಅಂಕಲ್ ಅಂತ.

ವಾಕಿಂಗ್ ಬರೋ ದೊಡ್ಡೋರಿಗೂ ಲೀಗ್‌ಗೂ ಮೊದಲಿಂದ ತಿಕ್ಕಾಟ ಇತ್ತು. ಬಾಲ್ ಬಂದು ಒಬ್ಬ ತಾತನ ಕನ್ನಡಕಕ್ಕೆ ಬಡಿದು ದೊಡ್ಡ ಗಲಾಟೆ ಆಗಿತ್ತು ಒಂದ್ಸಲ, ಅರ್ಜಿ ಗಿರ್ಜಿ ಎಲ್ಲಾ ಹೋಯ್ತು. ಆಮೇಲೆ ಲೀಗಿನೋರು ವಾಕಿಂಗ್ ಪಾತ್ ಕಡೆ ಬಲೆ ಕಟ್ಟಿಸಿ, ಅದೇ ತಾತನನ್ನ ಕರೆದು ಫೈನಲ್ ದಿನ ಟಾಸ್-ಅಪ್, ಅಂದ್ರೆ ಬಾಲ್ ಮೇಲಕ್ಕೆಸೆದು ಆಟ ಶುರು ಮಾಡೋದು, ಮಾಡಿಸಿದ್ರು. ಈಗ ಅವರು ದಿನಾ ಸಂಜೆ ಕಲ್ಲುಬೆಂಚಿನ ಮೇಲೆ ಹಾಜರ್, ರೆಫ್ರಿಗಿಂತ ಮುಂಚೆ "ಟ್ರಾವೆಲ್!" ಅಂತ ಕೂಗ್ತಾರೆ, ಹತ್ತರಲ್ಲಿ ಎಂಟು ಸಲ ತಪ್ಪು.

ಐಪಿಎಲ್ ಟೈಮು ಬೇರೆ ನೋಡಿ ಇದು. ಆರ್‌ಸಿಬಿ ಮ್ಯಾಚ್ ದಿನ ಓಪನ್ ಕ್ಯಾಟಗರಿ ಫಿಕ್ಸ್ಚರ್ ಹಾಕೋದೇ ಇಲ್ಲ, ಹಾಕಿದ್ರೂ ಐದು ಜನ ಸೇರಲ್ಲ. 2025ರಲ್ಲಿ ಫೈನಲ್ ಜೂನ್ 3ಕ್ಕೆ ಹೋಯ್ತಲ್ಲ, ಅಷ್ಟರಲ್ಲಿ ಲೀಗ್ ಮುಗಿದಿತ್ತು ಪುಣ್ಯಕ್ಕೆ, ಇಲ್ಲಾಂದಿದ್ರೆ ಟ್ರೋಫಿ ತಗೊಳ್ಳೋಕೂ ಯಾರೂ ಬರ್ತಿರ್ಲಿಲ್ಲ.

ಮಳೆ ಬಗ್ಗೆ. ಏಪ್ರಿಲ್-ಮೇ ಸಂಜೆ ಮಳೆ ಗೊತ್ತಲ್ಲ, ನಾಲ್ಕು ಗಂಟೆಗೆ ಕಣ್ಣು ಬಿಡಕ್ಕಾಗದ ಬಿಸಿಲು, ಐದಕ್ಕೆ ಗುಡುಗು, ಆರಕ್ಕೆ ಕೋರ್ಟ್ ತುಂಬಾ ನೀರು, ಹೊಂಗೆ ಹೂವೆಲ್ಲ ಉದುರಿ ಜಾರೋ ಹಾಗೆ. ಇಂಡೋರ್ ಇಲ್ಲ, ಹಾಗಾಗಿ ನಿಂತ ಮೇಲೆ ಒರೆಸೋದೇ. ಉದ್ದದ ವೈಪರಲ್ಲಿ ನೀರು ತಳ್ಳಿ, ಆಮೇಲೆ ಗೋಣಿಚೀಲ, ಹಳೇ ಬೆಡ್‌ಶೀಟು, ಕೊನೇಲಿ ಫ್ರೀ ಥ್ರೋ ಗೆರೆ ಹತ್ರ ಮಾತ್ರ ಒಣ ಬಟ್ಟೆ. ಎರಡೂ ಟೀಮಿನ ಮಕ್ಕಳು ಸೇರಿ ಒರೆಸ್ತಾರೆ, ಯಾಕಂದ್ರೆ ಏಳೂಕಾಲಿನೊಳಗೆ ಒಣಗಿಲ್ಲ ಅಂದ್ರೆ ಮ್ಯಾಚ್ ಕ್ಯಾನ್ಸಲ್, ಇಬ್ಬರಿಗೂ ಒಂದೊಂದೇ ಪಾಯಿಂಟ್. ಲೀಡಲ್ಲಿರೋ ಟೀಮ್ ನಿಧಾನಕ್ಕೆ ಒರೆಸ್ತಿದೆ ಅಂತ ಜಗಳ ಆಗಿದ್ದೂ ಉಂಟು. ಮಳೆ ಕೈ ಕೊಟ್ರೂ ಕಷ್ಟನೇ, 2024ರ ಬೇಸಿಗೆ ನೆನಪಿದ್ಯಲ್ಲ, ಬೋರ್‌ವೆಲ್ ಒಣಗಿ ಊರೆಲ್ಲ ಟ್ಯಾಂಕರ್ ಹಿಂದೆ ಓಡ್ತಿತ್ತು, ಆಗ ಮಕ್ಕಳು ಮನೆಯಿಂದಾನೇ ನೀರು ಹೊತ್ಕೊಂಡು ಬರ್ಬೇಕಿತ್ತು, ಬೆಳಗಿನ ಪ್ರಾಕ್ಟೀಸ್ ಎಂಟಕ್ಕೆಲ್ಲ ನಿಲ್ಲಿಸ್ತಿದ್ರು. ರಾಮನವಮಿ ದಿನದ ಪಾನಕ, ಮಜ್ಜಿಗೆ, ಕೋಸಂಬರಿ ಮಾತ್ರ ಯಾವ ವರ್ಷನೂ ತಪ್ಪಿಲ್ಲ, ಎದುರುಮನೆ ಅಜ್ಜಿ ಒಬ್ರದ್ದು ಅದು.

ಹುಡುಗೀರ ವಿಷಯಕ್ಕೆ ಬರೋಣ, ಇಲ್ಲಿ ನನಗೆ ಸಿಟ್ಟಿದೆ. ಅಂಡರ್-13ನಲ್ಲಿ ಹುಡುಗ ಹುಡುಗಿ ಒಟ್ಟಿಗೆ ಆಡ್ತಾರೆ, ಅದು ಸೂಪರ್. ಅಂಡರ್-16ಗೆ ಬಂದಾಗ ಹುಡುಗೀರದ್ದು ಬೇರೆ, ಟೀಮ್ ಕಮ್ಮಿ ಅಂತ ಮ್ಯಾಚೂ ಕಮ್ಮಿ, ಟೈಮ್ ಸ್ಲಾಟ್ ಮಧ್ಯಾಹ್ನ ನಾಲ್ಕು. ನಾಲ್ಕು ಗಂಟೆಗೆ ಸಿಮೆಂಟ್ ಕೋರ್ಟ್ ಮೇಲೆ ಬರಿಗಾಲಲ್ಲಿ ಒಂದು ನಿಮಿಷ ನಿಂತು ನೋಡ್ಲಿ ಯಾರಾದ್ರೂ. ಲೈಟ್ ಹಾಕಿದ ಮೇಲಿನ ಒಳ್ಳೇ ಟೈಮೆಲ್ಲ ಓಪನ್ ಗಂಡಸರಿಗೆ. ಕೇಳಿದ್ರೆ "ರಾತ್ರಿ ಆಗುತ್ತೆ, ಮನೆಯೋರು ಕಳಿಸಲ್ಲ" ಅಂತಾರೆ, ಅರೆ, ಏಳು ಗಂಟೆಗೆ ಟ್ಯೂಷನ್‌ಗೆ ಕಳಿಸೋ ಮನೆಯೋರು ಇದಕ್ಕೂ ಕಳಿಸ್ತಾರೆ, ಕೇಳಿ ನೋಡಿದ್ರಾ? ಕಳೆದ ಸಲ ನಾವು ನಾಲ್ಕೈದು ಅಮ್ಮಂದಿರು ಕೂತು ವಾದ ಮಾಡಿ ವಾರಕ್ಕೆ ಎರಡು ದಿನ ಆರೂವರೆ ಸ್ಲಾಟ್ ತಗೊಂಡ್ವಿ. ಸಾಲದು. ಜೊತೆಗೆ ಟಾಯ್ಲೆಟ್. ಗ್ರೌಂಡಲ್ಲಿರೋದು ಒಂದು, ಅದರ ಬೀಗದ ಕೈ ಯಾರ ಹತ್ರ ಅನ್ನೋದು ದಿನಾ ಹುಡುಕಾಟ, ಸಿಕ್ಕಿದ್ರೆ ನೀರಿರಲ್ಲ. ಹುಡುಗೀರು ನೀರು ಕುಡಿಯೋದನ್ನೇ ಕಮ್ಮಿ ಮಾಡ್ತಾರೆ ಇದಕ್ಕೆ, ಆ ಬಿಸಿಲಲ್ಲಿ. ಅರ್ಧ ಸ್ಟಾರ್ ಹೋಗಿದ್ದು ಇಲ್ಲೇ, ನಿಜ ಹೇಳ್ಬೇಕಂದ್ರೆ ಒಂದು ಪೂರ್ತಿ ಸ್ಟಾರ್ ಹೋಗ್ಬೇಕಿತ್ತು.

ಇನ್ನರ್ಧ ಬಾಲ್‌ಗೆ. ಎಲ್ಲಾ ವಯಸ್ಸಿನೋರಿಗೂ ಸೈಜ್ 7 ಬಾಲೇ ಕೊಡ್ತಾರೆ. ಅದು ದೊಡ್ಡ ಗಂಡಸರ ಬಾಲ್, ಆರುನೂರು ಗ್ರಾಂ ಹತ್ರ ಹತ್ರ ತೂಗುತ್ತೆ. ಹೆಂಗಸರಿಗೆ 6, ಚಿಕ್ಕ ಮಕ್ಕಳಿಗೆ 5 ಅಂತ ಇದೆ. ರಿಂಗೂ ಅಷ್ಟೇ, ಚಿಕ್ಕ ಮಕ್ಕಳ ಮಿನಿ ಬ್ಯಾಸ್ಕೆಟ್‌ಬಾಲ್‌ಗೆ 2.60 ಮೀಟರ್ ಇರ್ಬೇಕಾದ್ದು, ಇಲ್ಲಿ ಎಲ್ಲರಿಗೂ 3.05. ಹತ್ತು ವರ್ಷದ ಮಗು ಆ ಭಾರದ ಬಾಲನ್ನ ಆ ಎತ್ತರಕ್ಕೆ ಹಾಕ್ಬೇಕು ಅಂದ್ರೆ ಸೊಂಟದಿಂದ ಬೀಸಿ ಎಸೀಲೇಬೇಕು, ಆ ಅಭ್ಯಾಸ ಕೂತುಬಿಟ್ರೆ ಮುಂದೆ ಶಾಟ್ ತಿದ್ದೋಕೆ ಎರಡು ವರ್ಷ ಹಿಡಿಯುತ್ತೆ. ರಿಂಗ್ ಇಳಿಸೋಕೆ ದುಡ್ಡು ಬೇಕು, ಒಪ್ಪಿದೆ. ಸೈಜ್ 5 ರಬ್ಬರ್ ಬಾಲ್ ಅಂಥಾ ದುಬಾರಿ ಏನಲ್ಲ, ಟ್ರೋಫಿ ಎರಡಡಿ ಕಮ್ಮಿ ಮಾಡಿದ್ರೆ ಬಂದುಬಿಡುತ್ತೆ. ಈ ಸಲ ನಾವು ಮೂರು ಮನೆಯೋರು ಸೇರಿ ಎರಡು ಬಾಲ್ ಕೊಡ್ಸಿದ್ದೀವಿ, ನೋಡೋಣ ಬಳಸ್ತಾರಾ ಅಂತ.

ಉಳಿದಂತೆ ಚಿಕ್ಕ ಪುಟ್ಟದ್ದು. ಪೂರ್ವದ ಕಡೆ ಫ್ಲಡ್‌ಲೈಟ್ ಒಂದು ಮಿಣುಕುತ್ತೆ. ಫಸ್ಟ್ ಏಡ್ ಡಬ್ಬಿ ಇದೆ, ಒಳಗೆ ಐಸ್ ಸ್ಪ್ರೇ ಖಾಲಿ. ವಾಟ್ಸಾಪ್ ಗ್ರೂಪಲ್ಲಿ ಫಿಕ್ಸ್ಚರ್ ಹುಡುಕೋಕೆ ನೂರು ಗುಡ್ ಮಾರ್ನಿಂಗ್ ದಾಟಬೇಕು. ಪೇರೆಂಟ್ಸ್ ಸೈಡ್‌ಲೈನಿಂದ ಕೋಚಿಂಗ್ ಮಾಡೋದು ಜಾಸ್ತಿ ಆಗಿದೆ, ಒಬ್ರು ಅಪ್ಪ "ಶೂಟ್ ಮಾಡೋ, ಶೂಟ್ ಮಾಡೋ" ಅಂತ ಕೂಗಿ ಕೂಗಿ ಮಗು ಹಾಫ್ ಕೋರ್ಟಿಂದಾನೇ ಎಸೀತು, ಅವರನ್ನ ಸರ್ ಕರ್ಕೊಂಡು ಹೋಗಿ ಸ್ಕೋರ್‌ಬೋರ್ಡ್ ತಿರುಗ್ಸೋ ಕೆಲಸಕ್ಕೆ ಕೂರ್ಸಿದ್ರು, ಆಮೇಲೆ ಶಬ್ದ ಇಲ್ಲ.

ಯಾರಿಗೆ ಬೇಡ ಅಂದ್ರೆ, ಸ್ಟೇಟ್ ಸೆಲೆಕ್ಷನ್ ಗುರಿ ಇಟ್ಕೊಂಡು ಸೀರಿಯಸ್ಸಾಗಿ ಆಡ್ತಿರೋ ಮಕ್ಕಳಿಗೆ ಇದೊಂದೇ ಸಾಲಲ್ಲ, ಅವರಿಗೆ ವರ್ಷ ಪೂರ್ತಿ ನಡೆಯೋ ಕ್ಲಬ್ಬೋ, ಇಲಾಖೆಯ ಸ್ಪೋರ್ಟ್ಸ್ ಹಾಸ್ಟೆಲ್ಲೋ ಬೇಕು, ಇಲ್ಲಿಗೆ ಮ್ಯಾಚ್ ಪ್ರಾಕ್ಟೀಸ್‌ಗೆ ಬರ್ಬಹುದು. ಸರ್ಟಿಫಿಕೇಟ್ ಬೇಕು ಅನ್ನೋರೂ ಬರ್ಬೇಡಿ, ಕೊಡೋದೇ ಇಲ್ಲ. ಇನ್ನು ರಜದಲ್ಲಿ ಮನೇಲಿ ಕೂತು ಜೀವ ತಿನ್ನೋ ಎಂಟರಿಂದ ಹದಿನೈದು ವರ್ಷದ ಯಾವ ಮಗು ಇದ್ರೂ, ಬಾಲ್ ಹಿಡಿಯೋಕೆ ಬರ್ದಿದ್ರೂ ಪರ್ವಾಗಿಲ್ಲ, ಕಳಿಸಿ.

ಹೆಸರು ಬರೆಸೋಕೆ ಸಂಜೆ ಆರರ ಮೇಲೆ ಗ್ರೌಂಡಿಗೇ ಹೋಗ್ಬೇಕು, ಫೋನಲ್ಲಿ ತಗೊಳ್ಳಲ್ಲ. ವಯಸ್ಸಿಗೆ ಆಧಾರ್ ಝೆರಾಕ್ಸ್, ಒಂದು ಫೋಟೋ. ಶೂ ವಿಷಯಕ್ಕೆ ತಲೆ ಕೆಡಿಸ್ಕೊಂಡು ಇಂಡೋರಿಗೆ ಹಾಕೋ ತೆಳು ಸೋಲಿನ ದುಬಾರಿ ಶೂ ತರ್ಬೇಡಿ, ಈ ಸಿಮೆಂಟ್ ಮೇಲೆ ಒಂದು ಸೀಸನ್ ಕೂಡ ಬರಲ್ಲ, ದಪ್ಪ ರಬ್ಬರ್ ಸೋಲ್ ಇರೋದು, ಬೆರಳಿನ ಮುಂದೆ ಅರ್ಧ ಇಂಚು ಜಾಗ ಇರೋದು ನೋಡಿ ತಗೊಳ್ಳಿ, ಸಾಕ್ಸ್ ಮಾತ್ರ ಎರಡು ಜೊತೆ ಬ್ಯಾಗಲ್ಲಿ ಹಾಕಿ ಕಳಿಸಿ, ಮಳೆ ಬಂದ ದಿನ ಬೇಕಾಗುತ್ತೆ.